ಅಡುಗೆಮನೆಗೆ ಕೇಳಿಸಿದ ಗಟ್ಟಿಮೇಳ

ಮೊನ್ನೆ ಹಾಸನದ ಕಾಲೇಜೊಂದರಲ್ಲಿ ನನ್ನ ಮೊದಲ ಸಾಕ್ಷ್ಯಚಿತ್ರವನ್ನು ತೋರಿಸಿದರು. ಮುಗಿದ ಮೇಲೆ ಕನ್ನಡಕದ ಹುಡುಗಿಯೊಬ್ಬಳು ಎದ್ದು ನಿಂತಳು. "ಮೇಡಂ, ಇಡೀ ಚಿತ್ರದಲ್ಲಿ ಕ್ಯಾಮೆರಾ ನೆಲದ ಹತ್ತಿರವೇ ಇದೆ. ದುಡಿಯುವವರನ್ನು ತಲೆಯೆತ್ತಿ ನೋಡಬೇಕು ಅನ್ನೋ ನಿಲುವಿನಿಂದ ಹಾಗೆ ಮಾಡಿದ್ರಾ?" ಎಂದು ಕೇಳಿದಳು. ಎಷ್ಟು ಚೆಂದದ ಮಾತು! ಹೌದು ಅಂದುಬಿಡೋಣ ಅಂತ ಒಂದು ಗಳಿಗೆ ಆಸೆಯೂ ಆಯಿತು. ಆದರೆ ಸುಳ್ಳು ಹೇಳಿ ದೊಡ್ಡವಳಾಗುವ ದರ್ದು ನನಗೇನಿದೆ? "ಇಲ್ಲ ಕಣಮ್ಮ, ನಾನು ನೆಲದ ಮೇಲೆ ಈಳಿಗೆಮಣೆ ಹಾಕಿಕೊಂಡು ಹುರುಳಿಕಾಯಿ ಹೆಚ್ಚುತ್ತಾ ಕೂತಿದ್ದೆ. ಕ್ಯಾಮೆರಾ ಪಕ್ಕದಲ್ಲಿತ್ತು, ಅಷ್ಟೆ" ಅಂದೆ. ಸಭೆಯೆಲ್ಲ ನಕ್ಕಿತು. ಹುಡುಗಿ ಮಾತ್ರ ನಗದೆ, ಯಾಕೆ ಹೆಚ್ಚುತ್ತಿದ್ದಿರಿ ಎಂದು ಮತ್ತೆ ಕೇಳಿದಳು. ಒಳ್ಳೆಯ ಪ್ರಶ್ನೆ. ಅಲ್ಲಿ ಹೇಳಲು ಸಮಯ ಸಾಲಲಿಲ್ಲ, ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ನನ್ನನ್ನು ವೇದಿಕೆಗೆ ಕರೆಯುವವರು "ಬಹುಮುಖ ಪ್ರತಿಭೆ" ಅನ್ನುತ್ತಾರೆ. ಕ್ಯಾಮೆರಾ ನಾನೇ, ಧ್ವನಿ ನಾನೇ, ಸಂಕಲನ ನಾನೇ. ಪರದೆ ಕಟ್ಟುವುದು, ಕುರ್ಚಿ ಜೋಡಿಸುವುದು, ಬಂದವರಿಗೆ ಟೀ ಕೊಡುವುದೂ ನಾನೇ. ಇದರಲ್ಲಿ ಪ್ರತಿಭೆಗಿಂತ ಹೆಚ್ಚಾಗಿ ಇದ್ದದ್ದು ನನ್ನ ಬಾಯಿ. ನನ್ನ ಬಾಯಿಗೆ ಹೆದರಿ ಯಾವ ಸಹಾಯಕನೂ ಎರಡನೇ ಚಿತ್ರಕ್ಕೆ ಬರಲಿಲ್ಲ. ಹಾಗಾಗಿ ಎಲ್ಲವನ್ನೂ ಕಲಿತೆ. ಕಲಿತದ್ದರ ಬಗ್ಗೆ ನನಗೆ ಹೆಮ್ಮೆಯಿದೆ, ಅದನ್ನು ಮುಚ್ಚಿಟ್ಟುಕೊಳ್ಳುವ ವಿನಯ ನನ್ನಲ್ಲಿಲ್ಲ.

ನಾನು ಚನ್ನರಾಯಪಟ್ಟಣದವಳು. ತವರಿನವರದು ಬಟ್ಟೆ ವ್ಯಾಪಾರ. ಓದು ಮುಗಿಸಿ ಮದುವೆಗಳ ವಿಡಿಯೋ ತೆಗೆಯಲು ಹೊರಟಾಗ ನಮ್ಮ ದೊಡ್ಡಪ್ಪ, "ಊರೋರ ಮದ್ವೆ ಎಲ್ಲಾ ಇವ್ಳು ತೆಗೀತಾಳೆ, ಇವ್ಳ ಮದ್ವೆ ಯಾರು ತೆಗೀಬೇಕೋ" ಎಂದು ಗಿರಾಕಿಗಳ ಎದುರಿಗೇ ಆಡಿಕೊಳ್ಳುತ್ತಿದ್ದರು. ಕೊನೆಗೆ ನನ್ನ ಮದುವೆ ರಿಜಿಸ್ಟ್ರಾರ್ ಕಚೇರಿಯಲ್ಲಿ ಆಯಿತು, ಯಾರೂ ತೆಗೆಯಲಿಲ್ಲ. ದೊಡ್ಡಪ್ಪನ ಬಾಯಿ ಸುಳ್ಳಾಗಲಿಲ್ಲ.

ಮದುವೆ ವಿಡಿಯೋ ಅಂದರೆ ಈಗಿನ ಸಾಕ್ಷ್ಯಚಿತ್ರದವರು ಮೂಗು ಮುರಿಯುತ್ತಾರೆ. ಮುರಿಯಲಿ. ಎರಡನೇ ಸಲ ನಡೆಯದ ಸಂಗತಿಯನ್ನು ಒಂದೇ ಸಲಕ್ಕೆ ಹಿಡಿಯುವುದನ್ನು ನನಗೆ ಕಲಿಸಿದ್ದು ಅದೇ ಕೆಲಸ. ತಾಳಿ ಕಟ್ಟಿದ ಮೇಲೆ "ಬೆಳಕು ಸರಿಯಿರಲಿಲ್ಲ, ಇನ್ನೊಂದು ಸಲ ಕಟ್ಟಿ" ಅನ್ನೋಕಾಗುತ್ತದೆಯೇ? ಜನ ಎಲ್ಲಿ ಅಡ್ಡ ಬರುತ್ತಾರೆ, ಹೆಣ್ಣಿನ ತಾಯಿ ಯಾವಾಗ ಕಣ್ಣೊರೆಸಿಕೊಳ್ಳುತ್ತಾಳೆ ಎಲ್ಲವೂ ಮೊದಲೇ ತಿಳಿದಿರಬೇಕು. ಆದರೆ ಕೆಲವು ವರ್ಷ ಕಳೆಯುವಷ್ಟರಲ್ಲಿ ಮಂಟಪ, ಆರತಿ, ಸಾಲಾಗಿ ನಿಂತು ಉಡುಗೊರೆ ಕೊಡುವ ಅದೇ ಮುಖಗಳು ಬೇಸರ ತರಿಸಿದವು.

ಒಂದು ಬೆಳಿಗ್ಗೆ ಹೊಳೆನರಸೀಪುರದ ಕಲ್ಯಾಣಮಂಟಪದಲ್ಲಿ ಶಾಸ್ತ್ರಗಳು ಶುರುವಾಗುವುದು ತಡವಾಯಿತು. ಹಸಿವಾಗಿತ್ತು. ಹಿಂದುಗಡೆಯ ಅಡುಗೆಮನೆಗೆ ಹೋಗಿ ಬಾಗಿಲಲ್ಲಿ ನಿಂತೆ. ಸಾಲಾಗಿ ಸೌದೆ ಒಲೆ, ಹೊಗೆ, ಮಧ್ಯದಲ್ಲಿ ಸೆರಗು ಸಿಕ್ಕಿಸಿಕೊಂಡು ನಿಂತ ಹೆಂಗಸು. ಅಡುಗೆ ತಂಡದ ಯಜಮಾನಿ ಆಕೆಯೇ. ಗಂಡ ಒಲೆಗೆ ಸೌದೆ ಒಡ್ಡುತ್ತಿದ್ದರು, ಗಂಡಾಳುಗಳು ಆಕೆಯ ಮಾತಿಗೆ ಕುಣಿಯುತ್ತಿದ್ದರು. ಇಷ್ಟು ವರ್ಷ ಇಷ್ಟು ಮದುವೆ ತೆಗೆದರೂ ಈ ಕಡೆ ಒಂದು ಸಲವೂ ಕ್ಯಾಮೆರಾ ತಿರುಗಿಸಿರಲಿಲ್ಲವಲ್ಲ ಅನ್ನಿಸಿ ನಿಂತಲ್ಲೇ ತೆಗೆಯತೊಡಗಿದೆ.

"ಏಯ್, ಏನ್ ಬೇಕವ್ವ?" ಅಂದರು ಆಕೆ.

"ಏನಿಲ್ಲ ಅಕ್ಕ, ಸುಮ್ನೆ ನೋಡ್ತಿದ್ದೆ."

"ಸುಮ್ನೆ ನೋಡೋಕೆ ಮುಂದ್ಗಡೆ ಮದ್ವೆ ಐತಲ್ಲ, ಓಗಿ ಅದ್ನ ನೋಡು. ಇಲ್ಲಿಗೆ ಬಂದೋರು ಕೈಯಾಡುಸ್ಬೇಕು. ಕುಂತ್ಕ, ಉಳ್ಳಿಕಾಯಿ ಎಚ್ಚು."

ಅದು ಬಾಯಿಮಾತಿನ ಗದರಿಕೆಯಲ್ಲ, ಆ ಅಡುಗೆಮನೆಯ ಕಟ್ಟಳೆ. ಒಳಗೆ ಬಂದವರು ಯಾರೇ ಇರಲಿ, ಮದುವೆ ಮನೆಯ ಯಜಮಾನನೇ ಇರಲಿ, ಏನಾದರೊಂದು ಕೆಲಸ ಮಾಡಬೇಕು. ಕೆಲಸವಿಲ್ಲದ ಕಣ್ಣು ಅಡುಗೆಗೆ ಬಿದ್ದರೆ ದೃಷ್ಟಿಯಾಗುತ್ತದೆ ಎಂದು ಆಕೆಯ ನಂಬಿಕೆ. ನಾನು ಕೂತು ಹೆಚ್ಚಿದೆ. ಕ್ಯಾಮೆರಾವನ್ನು ಪಕ್ಕದ ತರಕಾರಿ ಬುಟ್ಟಿಯ ಮೇಲೆ ಇಟ್ಟಿದ್ದೆ, ಅದು ತನ್ನ ಪಾಡಿಗೆ ಓಡುತ್ತಿತ್ತು. ಮನೆಗೆ ಬಂದು ನೋಡಿದರೆ ಅದರಲ್ಲಿ ಆಕೆಯ ಕಾಲು, ಒಲೆಯ ಬಾಯಿ, ಮೇಲಿನಿಂದ ಇಳಿದು ಬರುವ ಕೈ, ಹೊಗೆಯ ನಡುವೆ ಒಮ್ಮೊಮ್ಮೆ ಬೆಳಗುವ ಮುಖ. ನಾನು ಅಲ್ಲಿಯವರೆಗೆ ತೆಗೆದ ಯಾವ ಮಂಟಪವೂ ಅಷ್ಟು ಚೆನ್ನಾಗಿ ಬಂದಿರಲಿಲ್ಲ. ಮಾರನೆಯ ದಿನವೇ ಆಕೆಯ ಮನೆ ಹುಡುಕಿಕೊಂಡು ಹೋಗಿ, ನಿಮ್ಮ ಮೇಲೆ ಒಂದು ಚಿತ್ರ ಮಾಡುತ್ತೇನೆ ಅಂದೆ.

"ಮಾಡ್ಕ. ಕೈ ಮಾತ್ರ ಕಟ್ಕಂಡ್ ನಿಂತ್ಕಬ್ಯಾಡ" ಅಂದರು.

ಹಾಗೆ ಅವರ ತಂಡದ ಹಿಂದೆ ಬಿದ್ದೆ. ಹಾಸನದ ದೊಡ್ಡ ಮಂಟಪಗಳು, ಅರಕಲಗೂಡಿನ ಛತ್ರ, ಹಳೇಕೋಟೆ ಕಡೆ ಮನೆಮುಂದೆ ಚಪ್ಪರ ಹಾಕಿ ಮಾಡುವ ಮದುವೆಗಳು, ಎಲ್ಲ ಕಡೆ ಅವರ ಪಾತ್ರೆಗಳ ಜೊತೆ ಟೆಂಪೋದಲ್ಲಿ ನಾನೂ ಹೋದೆ. ಹಬೆಗೆ ಲೆನ್ಸ್ ಮಂಜಾಗುತ್ತಿತ್ತು. ಅದನ್ನು ಒಲೆಯ ಹತ್ತಿರ ಸ್ವಲ್ಪ ಹೊತ್ತು ಇಟ್ಟು ಬೆಚ್ಚಗಾಗಿಸಿದರೆ ಮಂಜು ಕೂರುವುದಿಲ್ಲ ಎಂದು ಕಂಡುಕೊಂಡೆ. ಒಗ್ಗರಣೆಯ ಸದ್ದು ಹಿಡಿಯಲು ಮೈಕನ್ನು ಎಲ್ಲಿಡಬೇಕು, ಪಾತ್ರೆ ಉಜ್ಜುವ ಸದ್ದಿನಿಂದ ಅದನ್ನು ಹೇಗೆ ಕಾಪಾಡಬೇಕು ಅನ್ನುವುದನ್ನೂ ಅಲ್ಲೇ ಕಲಿತೆ. ಜೊತೆಗೆ ಕಾಯಿ ತುರಿದೆ, ಕೋಸಂಬರಿ ಕಲಸಿದೆ, ಅಕ್ಕಿ ತೊಳೆದೆ, ಪಾಯಸ ತಿರುವಿದೆ. ನಮ್ಮೂರಿನ ಮದುವೆಯೊಂದರಲ್ಲಿ ದೊಡ್ಡಪ್ಪ ಕೈ ತೊಳೆಯಲು ಹಿಂದುಗಡೆ ಬಂದವರು ನನ್ನನ್ನು ನೋಡಿ, "ವಿಡಿಯೋನೂ ಓಯ್ತಾ? ಈಗ ಕಾಯಿ ತುರಿಯೋ ಕೆಲ್ಸವಾ?" ಅಂದರು. ನಾನು ಬಾಯಿ ತೆರೆಯುವ ಮೊದಲೇ ಅಕ್ಕ, "ನಿಂತ್ಕಂಡ್ ಮಾತಾಡ್ಬ್ಯಾಡಿ ಸಾ, ಆ ಬಾಳೆಎಲೆ ಕಟ್ಟು ಇತ್ಲಾಗಿ ಎತ್ಕೊಡಿ" ಅಂದರು. ದೊಡ್ಡಪ್ಪ ಎತ್ತಿಕೊಟ್ಟರು. ಅದೂ ನನ್ನ ಚಿತ್ರದಲ್ಲಿದೆ, ಅವರು ಎಷ್ಟು ಬೇಡಿಕೊಂಡರೂ ತೆಗೆಯಲಿಲ್ಲ.

ಮುಂದೆ ಮಾಡಿದ ಎಲ್ಲ ಚಿತ್ರಗಳಿಗೂ ಇದೇ ನನ್ನ ಕ್ರಮವಾಯಿತು. ಯಾರ ಚಿತ್ರ ಮಾಡುತ್ತೇನೋ ಅವರ ಕೆಲಸಕ್ಕೆ ಮೊದಲು ಕೈ ಹಚ್ಚಬೇಕು. ಬಿತ್ತನೆ ಆಲೂಗಡ್ಡೆಯ ಚಿತ್ರಕ್ಕೆ ಹೆಂಗಸರ ಜೊತೆ ಕೂತು, ಪ್ರತಿ ಹೋಳಿಗೂ ಮೊಳಕೆಯ ಕಣ್ಣು ಉಳಿಯುವಂತೆ ಗಡ್ಡೆ ಕತ್ತರಿಸಿದೆ. ಕೊಣನೂರು ಸಂತೆಯ ಚಿತ್ರಕ್ಕೆ ಸೌತೆಕಾಯಿ ಕೂಗಿ ಮಾರಿದೆ, ಗಂಟಲು ಕಟ್ಟಿಹೋಯಿತು. ಹಾಲಿನ ಡೈರಿಯ ಚಿತ್ರ ಮಾಡುವಾಗ ಹಸು ಒದ್ದು ಮೂರು ವಾರ ಕುಂಟಿದೆ. ದೊಡ್ಡಗದ್ದವಳ್ಳಿಗೆ ಕ್ಯಾಮೆರಾ ಹಿಡಿದು ಬರುವವರೆಲ್ಲ ಗುಡಿಯ ಕೆತ್ತನೆ ತೆಗೆದುಕೊಂಡು ಹೋಗುತ್ತಾರೆ; ನಾನು ಆ ಊರಿನ ಗದ್ದೆಯಲ್ಲಿ ನಾಟಿ ಹಾಕಿ, ಕೆಸರಿನಲ್ಲಿ ನಿಂತೇ ಗುಡಿಯ ಗೋಪುರವನ್ನು ತೆಗೆದೆ. ನನ್ನದೇ ಕಸುಬಿನವರು "ಎಲ್ಲದರಲ್ಲೂ ಕೈ, ಯಾವುದರಲ್ಲೂ ಪಳಗಿಲ್ಲ" ಅನ್ನುತ್ತಾರೆ. ಅನ್ನಲಿ ಬಿಡಿ, ಅವರ ಚಿತ್ರ ನೋಡಿ ನಾನು ಏನಂದೆ ಅಂತ ಅವರಿಗೂ ಗೊತ್ತಿದೆ.

ಅಕ್ಕನ ವಿಷಯಕ್ಕೆ ಬರುತ್ತೇನೆ. ಅರಕಲಗೂಡಿನ ಒಂದು ಮದುವೆಯಲ್ಲಿ ಮುಂದುಗಡೆಯಿಂದ ಗಟ್ಟಿಮೇಳ ಕೇಳಿಸಿತು. ತಾಳಿ ಕಟ್ಟುವ ಹೊತ್ತಿಗೆ ವಾಲಗದವರು ಜೋರಾಗಿ ಬಾರಿಸುತ್ತಾರಲ್ಲ, ಅದು. ಅಕ್ಕ ತಲೆಯನ್ನೂ ಎತ್ತದೆ, "ಎಲೆ ಆಕ್ರೋ" ಎಂದು ಕೂಗಿದರು.

"ಅಕ್ಕ, ಒಂದ್ ಸಲ ಹೋಗಿ ನೋಡ್ಕೊಂಡು ಬರಬಾರದಾ?" ಅಂದೆ.

"ಎಷ್ಟು ಮದ್ವೆಗೆ ಅಡ್ಗೆ ಮಾಡಿದೀನೋ ಲೆಕ್ಕ ಇಲ್ಲ ಕಣವ್ವ. ಒಂದು ಧಾರೆನೂ ಕಣ್ಣಲ್ಲಿ ನೋಡಿಲ್ಲ. ಗಟ್ಟಿಮೇಳ ಕೇಳುಸ್ತು ಅಂದ್ರೆ ಎಲೆ ಆಕ್ಬೇಕು ಅಂತ ಅರ್ಥ, ಅಷ್ಟೆಯ."

"ನಿಮ್ಮ ಮದ್ವೇದಾದ್ರೂ ನೋಡಿರ್ತೀರಲ್ಲ!"

"ನನ್ ಮದ್ವೇಲಿ ತಲೆ ಎತ್ತೋ ಅಂಗಿತ್ತಾ? ನೆಲ ನೋಡ್ಕಂಡ್ ಕುಂತಿದ್ದೆ." ಹೇಳಿ ತಾವೇ ನಕ್ಕರು. ಆಮೇಲೆ ಸೌಟನ್ನು ಪಾತ್ರೆಯ ಅಂಚಿಗೆ ಒರಗಿಸಿ, ನಗದೆ ಹೇಳಿದರು: "ನನ್ ಮಗಳ ಮದ್ವೇಲಿ ನೋಡು. ಅವತ್ತು ನಾನು ಅಡ್ಗೆಮನೆ ಒಸ್ಲು ತುಳಿಯಾಕಿಲ್ಲ. ಮುಂದ್ಗಡೆ ಕುಂತ್ಕಂಡು, ಕಣ್ತುಂಬ ನೋಡಿ, ಕೈಯಾರೆ ಧಾರೆ ಎರೀತೀನಿ."

ಆಗಲೇ ನನ್ನ ಚಿತ್ರಕ್ಕೆ ಕೊನೆ ಸಿಕ್ಕಿತು. ಅವರಿಗೆ ಒಬ್ಬಳೇ ಮಗಳು, ಹೊಳೆನರಸೀಪುರದಲ್ಲೇ ಟೀಚರು. ಅವಳಿಗೆ ಗಂಡು ಗೊತ್ತಾದದ್ದು ಕೊಣನೂರು ಕಡೆ. ಬೇರೆ ತಂಡದವರಿಗೆ ಅಡುಗೆ ಒಪ್ಪಿಸಿ ಅಂದರೆ ಅಕ್ಕ ಕೇಳಲಿಲ್ಲ. "ಕಂಡೋರ್ ಕೈ ಸಾರು ನನ್ ಮಗಳ ಮದ್ವೇಲಾ?" ಅಂದರು. ತಮ್ಮ ತಂಡದ ಹಿರಿಯ ಅಡುಗೆಯವನಿಗೆ ಎಲ್ಲ ವಹಿಸಿ, ತಾವು ಆ ಕಡೆ ತಲೆ ಹಾಕುವುದಿಲ್ಲ ಎಂದು ಅವನ ಎದುರಿಗೇ ಮಾತು ಕೊಟ್ಟರು. ಮದುವೆ ಮಾಡಿ ನೋಡು, ಮನೆ ಕಟ್ಟಿ ನೋಡು ಅಂತ ಹಿರಿಯರು ಸುಮ್ಮನೆ ಹೇಳಿಲ್ಲ.

ಮದುವೆಯ ಬೆಳಿಗ್ಗೆ ಅಕ್ಕ ಹಸಿರು ರೇಷ್ಮೆ ಸೀರೆಯುಟ್ಟು ಮಂಟಪದ ಪಕ್ಕ ಕೂತರು. ಕೈಯಲ್ಲಿ ಸೌಟಿಲ್ಲದೆ ಕೈಯನ್ನು ಎಲ್ಲಿಟ್ಟುಕೊಳ್ಳಬೇಕೆಂದೇ ಅವರಿಗೆ ತಿಳಿಯುತ್ತಿರಲಿಲ್ಲ. ನಾನು ಎದುರಿಗೆ ಜಾಗ ಹಿಡಿದು ನಿಂತಿದ್ದೆ. ಮದುವೆಯ ವಿಡಿಯೋ ತೆಗೆಯಲು ಬೇರೆಯವರು ಬಂದಿದ್ದರು. ನನಗೆ ಬೇಕಾಗಿದ್ದದ್ದು ಧಾರೆ ನೋಡುವ ಅಕ್ಕನ ಮುಖ ಒಂದೇ.

ಮುಹೂರ್ತ ಹತ್ತಿರವಾದಾಗ ಗಂಡಿನ ಕಡೆಯಿಂದ ಇನ್ನೊಂದು ಬಸ್ಸು ಬಂತು. ಬೀಗರು ಹೇಳಿದ್ದಕ್ಕಿಂತ ಹೆಚ್ಚು ಜನ ಕರೆತರುವುದು ನಮ್ಮ ಕಡೆ ಹೊಸದೇನಲ್ಲ. ಬಂದವರಿಗೆ ತಿಂಡಿಯಾಗಿರಲಿಲ್ಲ. ಹಿರಿಯ ಅಡುಗೆಯವ ಹೆಚ್ಚಿನ ಜನಕ್ಕೆಂದು ಇನ್ನೊಂದು ದೊಡ್ಡ ಪಾತ್ರೆಯಲ್ಲಿ ಬೇಳೆ ಪಾಯಸ ಏರಿಸಿ, ಉಪ್ಪಿಟ್ಟು ಬಡಿಸಲು ಆಳುಗಳನ್ನೆಲ್ಲ ಕರೆದುಕೊಂಡು ಊಟದ ಹಾಲಿಗೆ ಓಡಿದ. ಇದೆಲ್ಲ ನನಗೆ ಆಮೇಲೆ ತಿಳಿದದ್ದು. ಆಗ ನಾನು ಕಂಡದ್ದು ಇಷ್ಟೇ: ಮಂತ್ರ, ವಾಲಗ, ಊದುಬತ್ತಿ, ಮಲ್ಲಿಗೆಯ ನಡುವೆ ಕೂತಿದ್ದ ಅಕ್ಕನ ಮೂಗು ಸಣ್ಣಗೆ ಅರಳಿತು. "ತಳ ಇಡೀತಾ ಐತೆ" ಅಂದರು. ಅಂದವರೇ ಎದ್ದು ಹೊರಟೇಬಿಟ್ಟರು. ನಾನು ಕ್ಯಾಮೆರಾ ಹಿಡಿದು ಹಿಂದೆ ಓಡಿದೆ.

ಅಡುಗೆಮನೆಯಲ್ಲಿ ಒಂದು ನರಪಿಳ್ಳೆಯೂ ಇರಲಿಲ್ಲ. ಅಕ್ಕ ರೇಷ್ಮೆ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ದೊಡ್ಡ ಸೌಟು ಹಿಡಿದು ಪಾಯಸ ತಿರುವತೊಡಗಿದರು. ಇನ್ನೂ ಸೀದಿರಲಿಲ್ಲ, ಆದರೆ ಕೈ ಬಿಟ್ಟರೆ ಸೀಯುತ್ತದೆ. ಗ್ಯಾಸ್ ಆಗಿದ್ದರೆ ಕಿವಿ ತಿರುವಿದರೆ ಮುಗಿಯುತ್ತಿತ್ತು. ಅದು ಸೌದೆ ಒಲೆ, ಕೆಳಗೆ ಒಂದು ರಾಶಿ ಕೆಂಡ. ಪಾತ್ರೆ ಇಳಿಸಲು ನಾಲ್ಕು ಜನ ಗಂಡಸರು ಬೇಕು. ಅಷ್ಟರಲ್ಲಿ ಮೈಕಿನಲ್ಲಿ ಶಾಸ್ತ್ರ ಮಾಡಿಸುವ ಐನೋರ ದನಿ ಬಂತು: "ಹೆಣ್ಣಿನ ತಾಯಿಯವರು ಎಲ್ಲಿದ್ದರೂ ಮಂಟಪಕ್ಕೆ ಬರಬೇಕು. ಮುಹೂರ್ತ ಮೀರುತ್ತಿದೆ."

"ಓಗಿ ಏಳ್ಬುಡವ್ವ. ನಮ್ಮತ್ಗೆ ಎರೀಲಿ ಧಾರೆಯ" ಅಂದರು ಅಕ್ಕ, ಪಾತ್ರೆಯಿಂದ ಕಣ್ಣೆತ್ತದೆ.

"ಅಕ್ಕ, ಪಾಯಸ ಹಾಳಾದ್ರೆ ಆಗ್ಲಿ, ನಡೀರಿ!"

"ನಿಂಗೇನ್ ಗೊತ್ತು? ಅಡ್ಗೆಯೋಳ ಮಗಳ ಮದ್ವೇಲೇ ಪಾಯಸ ಸೀದೋಗಿತ್ತು ಅಂತ ನಾನ್ ಸತ್ರೂ ಆಡ್ಕತಾರೆ. ನನ್ ಮಗಳು ಅದ್ನ ಅತ್ತೆಮನೇಲಿ ಕೇಳ್ಕಂಡ್ ಬಾಳ್ಬೇಕಾ?"

ಕ್ಯಾಮೆರಾದ ಕಿಂಡಿಯಲ್ಲಿ ಎಲ್ಲವೂ ಕಾಣುತ್ತಿತ್ತು. ರೇಷ್ಮೆ ಸೀರೆ, ಹೊಗೆ, ತಿರುವುತ್ತಿರುವ ಕೈ, ಮೇಲಿನಿಂದ ತಾಯಿಯನ್ನು ಕೂಗುತ್ತಿರುವ ಮೈಕು. ಗಟ್ಟಿಮೇಳ ಬಾರಿಸುತ್ತದೆ, ಆಕೆ ಎಂದಿನಂತೆ ಗೋಡೆಯ ಈಚೆ ನಿಂತು ಕೇಳುತ್ತಾಳೆ. ಇದಕ್ಕಿಂತ ದೊಡ್ಡ ಕೊನೆಯನ್ನು ಯಾವ ಸಾಕ್ಷ್ಯಚಿತ್ರದವರೂ ಕನಸಿನಲ್ಲೂ ಬೇಡಲಾರರು. ಕೈಯಲ್ಲಿ ಏನು ಸಿಕ್ಕಿದೆ ಅಂತ ನನಗೆ ಚೆನ್ನಾಗಿ ಗೊತ್ತಿತ್ತು. ಸಿಟ್ಟೂ ಬಂತು: ಬೀಗರ ಮೇಲೆ, ಬಸ್ಸಿನ ಮೇಲೆ, ಆ ಹಾಳು ಪಾಯಸದ ಮೇಲೆ.

ಕ್ಯಾಮೆರಾವನ್ನು ಅಕ್ಕಿ ಮೂಟೆಯ ಮೇಲೆ ಕುಕ್ಕಿ, ಅಕ್ಕನ ಕೈಯಿಂದ ಸೌಟು ಕಿತ್ತುಕೊಂಡೆ.

"ಏ, ಬುಡಮ್ಮಿ! ನಿನ್ ಸಿನಿಮಾ?"

"ಸಿನಿಮಾ ಅದರ ಪಾಡಿಗೆ ಓಡುತ್ತೆ. ಹೋಗಿ ಅಕ್ಕ!"

"ತಳ ಕೆರ್ಕಂಡ್ ತಿರುವ್ಬೇಕು..."

"ಗೊತ್ತು. ನೀವೇ ಕಲಿಸಿದ್ದು. ಹೋಗ್ತೀರೋ ಇಲ್ವೋ?"

ನನ್ನ ಬಾಯಿ ಅವತ್ತು ಉಪಯೋಗಕ್ಕೆ ಬಂತು. ಅಕ್ಕ ನನ್ನನ್ನೊಮ್ಮೆ, ಪಾತ್ರೆಯನ್ನೊಮ್ಮೆ ನೋಡಿ, ಸೀರೆ ಎತ್ತಿ ಹಿಡಿದು ಓಡಿದರು. ಅವರು ಓಡಿದ್ದನ್ನು ನಾನು ಅದುವರೆಗೂ ನೋಡಿರಲಿಲ್ಲ.

ನಾನು ತಿರುವಿದೆ. ಬಲಗೈ ಸೋತಾಗ ಎಡಗೈ, ಎಡಗೈ ಸೋತಾಗ ಎರಡೂ ಕೈ. ಮೈಕಿನಲ್ಲಿ "ಬಂದ್ರು, ಬಂದ್ರು" ಎಂದು ಯಾರೋ ಅಂದರು. ಮಂತ್ರ ಮುಂದುವರಿಯಿತು. ಆಮೇಲೆ ವಾಲಗ ಏರಿ, ಗಟ್ಟಿಮೇಳ ಶುರುವಾಗಿ, ಅಡುಗೆಮನೆಯ ತಗಡೆಲ್ಲ ನಡುಗಿತು. ಹೊಗೆಗೆ ಕಣ್ಣಲ್ಲಿ ನೀರು ಬಂತು ಅಂತ ಬರೆಯಬಹುದು. ಹೊಗೆಗಲ್ಲ, ನಾನು ಅತ್ತೆ. ಅಳುತ್ತಾ, ತಳ ಕೆರೆಯುತ್ತಾ, ಈಗ ಅಕ್ಕ ಹಾಲು ಎರೆಯುತ್ತಿರಬೇಕು, ಈಗ ತಾಳಿ ನೋಡುತ್ತಿರಬೇಕು ಎಂದು ಲೆಕ್ಕ ಹಾಕುತ್ತಿದ್ದೆ. ಎಷ್ಟೋ ಧಾರೆ ತೆಗೆದಿದ್ದ ನನಗೆ ಅದೊಂದನ್ನು ನೋಡಬೇಕಿತ್ತು ಅನ್ನಿಸಿತು.

ಪಾಯಸ ತಳ ಹಿಡಿಯಲಿಲ್ಲ. ಇದನ್ನು ಎಲ್ಲರಿಗೂ ಹೇಳುತ್ತೇನೆ, ಇಲ್ಲಿಯೂ ಹೇಳಿದ್ದೇನೆ.

ಸಂಕಲನಕ್ಕೆ ಕೂತಾಗ ಗೋಳು ಶುರುವಾಯಿತು. ಅಕ್ಕ ಓಡಿದ ಮೇಲೆ ಮೂಟೆಯ ಮೇಲಿನ ಕ್ಯಾಮೆರಾ ಹಿಡಿದದ್ದು ನನ್ನ ಬೆನ್ನು, ಜಾರಿದ ಜಡೆ, ಹೊಗೆ, ಪಾತ್ರೆ. ಸದ್ದು ಮಾತ್ರ ಅಚ್ಚುಕಟ್ಟಾಗಿ ಬಂದಿತ್ತು. ಮದುವೆಯ ವಿಡಿಯೋದವರಿಂದ ಧಾರೆಯ ದೃಶ್ಯ ತೆಗೆದುಕೊಂಡು ಸೇರಿಸು ಎಂದು ನೋಡಿದವರೆಲ್ಲ ಹೇಳಿದರು. ಕೊಡಲು ಅವರೂ ಸಿದ್ಧರಿದ್ದರು. ನಾನು ತರಿಸಿ ನೋಡಿದೆ. ಅಕ್ಕನ ಮುಖದ ಮುಂದೆ ಯಾರದೋ ತಲೆ, ಮೇಲೆ ಹಾರುವ ಅಕ್ಷತೆ. ಸೇರಿಸಲಿಲ್ಲ. ನನ್ನ ಬೆನ್ನನ್ನೇ ಇಟ್ಟೆ, ಗಟ್ಟಿಮೇಳ ಮುಗಿಯುವವರೆಗೆ ಒಂದೂ ಕತ್ತರಿ ಹಾಕದೆ. ಇಷ್ಟು ವರ್ಷದ ಕೆಲಸದಲ್ಲಿ ನಾನೇ ಕಾಣಿಸಿಕೊಂಡ ಚಿತ್ರ ಅದೊಂದೇ, ಅದೂ ಬೆನ್ನು ಮಾತ್ರ. ಅಷ್ಟಕ್ಕೇ ನನಗೆ ಇರುವ ಜಂಬ ಬೇರೆ ಯಾವ ಚಿತ್ರದಿಂದಲೂ ಬಂದಿಲ್ಲ.

ಮೊದಲ ಪ್ರದರ್ಶನವನ್ನು ಆ ಮದುವೆ ನಡೆದ ಕಲ್ಯಾಣಮಂಟಪದ ಊಟದ ಹಾಲಿನಲ್ಲೇ ಇಟ್ಟೆ. ಬಿಳಿ ಪಂಚೆಗಳನ್ನು ಹೊಲಿಸಿ ಪರದೆ ಕಟ್ಟಿದ್ದೆ. ಅಕ್ಕ, ಅವರ ಯಜಮಾನರು, ಮಗಳು ಅಳಿಯ, ಇಡೀ ತಂಡ, ಬೀಗರು, ನಮ್ಮ ದೊಡ್ಡಪ್ಪ ಎಲ್ಲ ಬಂದಿದ್ದರು. ದೊಡ್ಡಪ್ಪ ಬಾಳೆಎಲೆ ಎತ್ತಿಕೊಟ್ಟಾಗ ಜನ ಹೊಟ್ಟೆ ಹಿಡಿದು ನಕ್ಕರು. ಅವರೂ ಮೀಸೆಯಲ್ಲೇ ನಕ್ಕರು. ಕೊನೆಯ ದೃಶ್ಯ ಬಂತು. ಪರದೆಯ ಮೇಲೆ ಹೊಗೆ, ನನ್ನ ಬೆನ್ನು. ಅಕ್ಕ ತಾವಿಲ್ಲದ ತಮ್ಮ ಅಡುಗೆಮನೆಯನ್ನು ಮೊದಲ ಸಲ ನೋಡುತ್ತಿದ್ದರು. ಸೆರಗನ್ನು ಬಾಯಿಗೆ ಒತ್ತಿಕೊಂಡಿದ್ದರು. ಗಟ್ಟಿಮೇಳ ಏರಿತು. ಜನ ಕುತ್ತಿಗೆ ಉದ್ದ ಮಾಡಿ ಕಾದರು. ಬೆನ್ನು ಬೆನ್ನಾಗಿಯೇ ಇತ್ತು.

ಹಿಂದುಗಡೆಯಿಂದ ಬೀಗರ ಕಡೆಯ ಒಬ್ಬ, "ಇದೇನವ್ವ ಇದು, ಅಡ್ಗೆಮನೆನೇ ತೋರುಸ್ತಾವ್ಳೆ! ಧಾರೆ ಎಲ್ಲಿ? ಧಾರೆ ತೋರ್ಸಿ" ಎಂದು ಕೂಗಿದ. ಇನ್ನಿಬ್ಬರು ದನಿಗೂಡಿಸಿದರು. ನಾನು ಎದ್ದು ನಿಲ್ಲುವಷ್ಟರಲ್ಲಿ ಮುಂದಿನ ಸಾಲಿನಿಂದ ಅಕ್ಕ ಎದ್ದು, ಹಿಂದಕ್ಕೆ ತಿರುಗಿ ನಿಂತರು. ಪರದೆಯ ಬೆಳಕಿನಲ್ಲಿ ಅವರ ಕೆನ್ನೆ ಒದ್ದೆಯಾಗಿದ್ದದ್ದು ಎಲ್ಲರಿಗೂ ಕಂಡಿತು. ದನಿ ಮಾತ್ರ ಅಡುಗೆಮನೆಯದೇ.

"ಧಾರೆನ ನಾನ್ ಕಣ್ತುಂಬ ನೋಡಿವ್ನಿ ಕಣ್ಲಾ. ಅದು ನಂದು. ನೀನು ಬಾಯ್ಮುಚ್ಕಂಡ್ ಅಡ್ಗೆಮನೆ ನೋಡು."